ಕೆಡವುವುದಕ್ಕೆ ಜೀರ್ಣೋದ್ಧಾರವೆಂದು ಹೆಸರೇ?



'ಜೀರ್ಣೋದ್ಧಾರ' ಎಂಬ ಪದವನ್ನು ಗುಣಸಂಧಿಗೆ ಉದಾಹರಣೆಯಾಗಿ ಕರಿಹಲಗೆಯ ಮೇಲೆ ಬರೆಯುತ್ತಿದ್ದುದು ನಿಮ್ಮಲ್ಲಿ ಕೆಲವರಿಗಾದರೂ ನೆನಪಿರಬೇಕು. ಜೀರ್ಣ ಎಂದರೆ ಸವೆದದ್ದು, ಶಿಥಿಲವಾದದ್ದು. ಉದ್ಧಾರ ಎಂದರೆ ಮೇಲೆತ್ತುವುದು. ಬಾವಿಗೆ ಬಿದ್ದವನನ್ನು ಹಗ್ಗ ಹಾಕಿ ಮೇಲೆತ್ತಿದರೆ ಅದು ಉದ್ಧಾರ. ಅವನನ್ನು ಅಲ್ಲಿಯೇ ಮುಚ್ಚಿ, ಅವನ ಹೆಸರಿನವನೇ ಮತ್ತೊಬ್ಬನನ್ನು ಕರೆತಂದು ದಂಡೆಯ ಮೇಲೆ ನಿಲ್ಲಿಸಿದರೆ ಅದಕ್ಕೆ ಕನ್ನಡದಲ್ಲಿ ಬೇರೆಯೇ ಪದವಿದೆ.

ನಮ್ಮ ಶಾಸನಗಳಲ್ಲಿ 'ಖಂಡಸ್ಫುಟಿತ ಜೀರ್ಣೋದ್ಧಾರ' ಎಂಬ ಮಾತು ಮತ್ತೆ ಮತ್ತೆ ಬರುತ್ತದೆ. ಖಂಡ ಎಂದರೆ ಮುರಿದದ್ದು, ಸ್ಫುಟಿತ ಎಂದರೆ ಬಿರುಕು ಬಿಟ್ಟದ್ದು. ದೇವಾಲಯವನ್ನು ಕಟ್ಟಿಸಿದವನು ದೇವರ ಪೂಜೆಗೆ, ನಂದಾದೀಪಕ್ಕೆ, ಅನ್ನದಾನಕ್ಕೆ ಭೂಮಿ ಬಿಡುವಾಗಲೇ ಮುಂದೊಂದು ದಿನ ಮುರಿಯಬಹುದಾದ ಕಲ್ಲಿಗೂ ಬಿರಿಯಬಹುದಾದ ಗೋಡೆಗೂ ಸೇರಿಸಿ ಭೂಮಿ ಬಿಡುತ್ತಿದ್ದನು. ಕಟ್ಟಡವೆಂದ ಮೇಲೆ ಅದು ಸವೆಯುತ್ತದೆ, ಸವೆದದ್ದನ್ನು ತಲೆಮಾರಿನಿಂದ ತಲೆಮಾರಿಗೆ ಸರಿಪಡಿಸುತ್ತಾ ಹೋಗಬೇಕು ಎಂಬ ವಿವೇಕ ಆ ಒಂದು ಪದಪುಂಜದಲ್ಲಿ ಅಡಗಿದೆ. ಆ ಪದವನ್ನು ಉಳಿಸಿಕೊಂಡ ನಾವು ಅದರ ಅರ್ಥವನ್ನು ಕೈಬಿಟ್ಟಿದ್ದೇವೆ.

ಕಳೆದ ತಿಂಗಳು ನಮ್ಮ ಜಿಲ್ಲೆಯ ಹಳ್ಳಿಯೊಂದರಿಂದ ನನಗೆ ಒಂದು ಮನವಿ ಪತ್ರ ಬಂದಿತು. ಆ ಹಳ್ಳಿಯ ಹೆಸರನ್ನು ಇಲ್ಲಿ ಹೇಳಲಾರೆ, ಏಕೆಂದರೆ ಅಲ್ಲಿಯ ಹಲವು ಮನೆಗಳ ಮಕ್ಕಳು ನನ್ನ ಮುಂದೆ ಕುಳಿತು ಪಾಠ ಕೇಳಿದವರು. ಅಲ್ಲಿನ ಹಳೆಯ ಚರ್ಚಿನ 'ಜೀರ್ಣೋದ್ಧಾರ'ಕ್ಕೆ ಧನಸಹಾಯ ಮಾಡಬೇಕೆಂದು ಪತ್ರದಲ್ಲಿ ಕೋರಿದ್ದರು. ಕೆಳಗೆ ಸಣ್ಣ ಅಕ್ಷರಗಳಲ್ಲಿ, ಹಳೆಯ ಕಟ್ಟಡವನ್ನು ಸಂಪೂರ್ಣವಾಗಿ ತೆರವುಗೊಳಿಸಿ ಆರ್.ಸಿ.ಸಿ. ಛಾವಣಿಯ ಭವ್ಯ ದೇವಾಲಯವನ್ನು ನಿರ್ಮಿಸಲಾಗುವುದು ಎಂದಿತ್ತು. ಈ ಕೆಲಸಕ್ಕೆ ನನ್ನಿಂದ ಒಂದು ರೂಪಾಯಿಯೂ ಬರುವುದಿಲ್ಲವೆಂದು ಉತ್ತರಿಸಿದೆ. "ಮೇಷ್ಟ್ರು ಹೀಗೆ ಬರೆಯಬಹುದೇ?" ಎಂದು ಹಲವರು ನೊಂದುಕೊಂಡರಂತೆ. ನೊಂದವರಿಗೂ ನೋಯದವರಿಗೂ ನನ್ನ ಕಾರಣಗಳನ್ನು ವಿವರವಾಗಿ ತಿಳಿಸುವುದು ನನ್ನ ಕರ್ತವ್ಯ.

ಆ ಚರ್ಚನ್ನು ನಾನು ಬಲ್ಲೆ. ದೊಡ್ಡದೇನೂ ಅಲ್ಲ. ಸುಟ್ಟ ಇಟ್ಟಿಗೆಯನ್ನು ಸುಣ್ಣದ ಗಾರೆಯಲ್ಲಿ ಕಟ್ಟಿದ ದಪ್ಪ ಗೋಡೆಗಳು, ಮರದ ತೊಲೆಗಳ ಮೇಲೆ ಮಂಗಳೂರು ಹೆಂಚು, ಮುಂಭಾಗದಲ್ಲಿ ಮೊನಚು ಕಮಾನಿನ ಬಾಗಿಲು. ಅಂಗಳದಲ್ಲಿ ಹಬ್ಬಕ್ಕೆ ಬಾವುಟ ಏರಿಸುವ ಧ್ವಜಸ್ತಂಭ, ಪಕ್ಕದಲ್ಲಿ ತೇರು ನಿಲ್ಲಿಸುವ ಕೊಟ್ಟಿಗೆ. ಒಳಗೆ ಹೋಗುವವರು ಚಪ್ಪಲಿಯನ್ನು ಹೊರಗೆ ಬಿಟ್ಟು ಹೋಗುತ್ತಾರೆ, ಚಾಪೆಯ ಮೇಲೆ ಕುಳಿತು ಪೂಜೆಯಲ್ಲಿ ಭಾಗವಹಿಸುತ್ತಾರೆ. ವಾಸ್ತುಶಿಲ್ಪದ ಪುಸ್ತಕಗಳಲ್ಲಿ ಇಂತಹ ಕಟ್ಟಡಕ್ಕೆ ಅರ್ಧ ಸಾಲೂ ಸಿಗಲಾರದು. ಆದರೆ ಓದಬಲ್ಲವನಿಗೆ ಅದರ ಒಂದೊಂದು ಭಾಗವೂ ಒಂದೊಂದು ಪಾಠ.

ಗೋಡೆಯಿಂದ ಆರಂಭಿಸೋಣ. ಸುಟ್ಟ ಸುಣ್ಣ, ಮರಳು, ಇಟ್ಟಿಗೆಯ ಪುಡಿ ಇವುಗಳನ್ನು ಎತ್ತು ಕಟ್ಟಿದ ಗಾಣದಲ್ಲಿ ಅರೆದು, ಬೆಲ್ಲದ ನೀರು, ಅಳಲೆಕಾಯಿಯ ರಸ ಬೆರೆಸಿ ಗಾರೆ ಸಿದ್ಧಪಡಿಸುವುದು ನಮ್ಮ ಸೀಮೆಯ ಪದ್ಧತಿ. ನಮ್ಮ ದೇವಾಲಯಗಳ ಗೋಪುರಗಳ ಮೇಲಿನ ಗಾರೆಗೊಂಬೆಗಳು ಹುಟ್ಟಿದ್ದೂ ಇದೇ ಗಾರೆಯಿಂದ, ಅವುಗಳನ್ನು ಮಾಡಿದ್ದೂ ಇದೇ ಕುಶಲಕರ್ಮಿಗಳ ಪರಂಪರೆ. ಚರ್ಚಿನ ನಕ್ಷೆಯನ್ನು ಫ್ರೆಂಚ್ ಸ್ವಾಮಿಗಳು ಕೊಟ್ಟಿರಬಹುದು, ಆದರೆ ಗಾರೆಯನ್ನು ಅರೆದವನೂ ಇಟ್ಟಿಗೆಯನ್ನು ಸುಟ್ಟವನೂ ತೊಲೆಯನ್ನು ಕೆತ್ತಿದವನೂ ನಮ್ಮ ಊರಿನವನೇ.

ಇನ್ನು ಹೆಂಚು. ಬಾಸೆಲ್ ಮಿಷನ್ನಿನವರು 1865ರಲ್ಲಿ ಮಂಗಳೂರಿನಲ್ಲಿ ಹೆಂಚಿನ ಕಾರ್ಖಾನೆ ತೆರೆದ ಮೇಲೆ ಆ ಬಗೆಯ ಹೆಂಚು ದಕ್ಷಿಣ ಭಾರತದ ಶಾಲೆ, ಛತ್ರ, ರೈಲು ನಿಲ್ದಾಣ, ಆಸ್ಪತ್ರೆಗಳ ಮೇಲೆ ಹರಡಿತು. ಬಾಸೆಲ್ ಮಿಷನ್ನಿನವರು ಪ್ರಾಟೆಸ್ಟಂಟರು, ಈ ಚರ್ಚು ಕಥೋಲಿಕರದು. ಯುರೋಪಿನಲ್ಲಿ ಒಬ್ಬರನ್ನೊಬ್ಬರು ಸಹಿಸದಿದ್ದವರು ನಮ್ಮ ಹಳ್ಳಿಯ ಸೂರಿನ ಮೇಲೆ ಒಂದಾಗಿದ್ದಾರೆ.

ಒಳಗಿನ ನೆಲವನ್ನು ನೋಡಿ. ಹಿಂದೆ ಬಲಿಪೀಠವು ಗೋಡೆಗೆ ಅಂಟಿಕೊಂಡಿರುತ್ತಿತ್ತು. ಗುರುಗಳು ಜನರಿಗೆ ಬೆನ್ನುಮಾಡಿ, ಜನರೊಡನೆ ಒಂದೇ ದಿಕ್ಕಿಗೆ ಮುಖಮಾಡಿ, ಲತೀನ್ ಭಾಷೆಯಲ್ಲಿ ಪೂಜೆ ಸಲ್ಲಿಸುತ್ತಿದ್ದರು. 1962ರಿಂದ 1965ರವರೆಗೆ ನಡೆದ ಎರಡನೆಯ ವ್ಯಾಟಿಕನ್ ಮಹಾಸಭೆಯು ಜನರ ಭಾಷೆಗೆ ಅವಕಾಶ ಕೊಟ್ಟಿತು. ಅದರ ನಂತರದ ವರ್ಷಗಳಲ್ಲಿ ಪೀಠಗಳು ಗೋಡೆಯಿಂದ ಬಿಡಿಸಿಕೊಂಡು ಮುಂದೆ ಬಂದವು, ಗುರುಗಳು ಜನರ ಕಡೆಗೆ ತಿರುಗಿದರು, ಕನ್ನಡದಲ್ಲಿ ಪೂಜೆ ಕೇಳಿಸಿತು. ಹಳೆಯ ಪೀಠವಿದ್ದ ಜಾಗದಲ್ಲಿ ನೆಲದ ಬಣ್ಣ ಇಂದಿಗೂ ಬೇರೆಯಾಗಿದೆ. ಕನ್ನಡವು ಆ ಪೀಠದವರೆಗೆ ನಡೆದುಹೋದ ಹೆಜ್ಜೆಗುರುತು ಅದು. ಇದನ್ನು ಯಾವ ಶಾಸನವೂ ಬರೆದಿಟ್ಟಿಲ್ಲ, ನೆಲ ಮಾತ್ರ ಬರೆದಿಟ್ಟಿದೆ. ಜೆ.ಸಿ.ಬಿ. ಬಂದರೆ ಅರ್ಧ ದಿನದಲ್ಲಿ ಇದೆಲ್ಲವೂ ಮಣ್ಣಿನ ರಾಶಿ.

ನನ್ನ ಉತ್ತರ ಬಹಿರಂಗವಾದ ಮೇಲೆ ಇನ್ನೊಂದು ಬಗೆಯ ಮಾತೂ ಕಿವಿಗೆ ಬಿದ್ದಿತು. "ಅದು ಪರದೇಶಿಯವರ ಕಟ್ಟಡ, ಹೋದರೆ ಹೋಗಲಿ ಬಿಡಿ ಮೇಷ್ಟ್ರೇ, ನಿಮಗೇಕೆ ಆ ಚಿಂತೆ?" ಎಂದರು ಕೆಲವರು. ಇದನ್ನು ಹೇಳಿದವರೂ ನನ್ನ ಶಿಷ್ಯರೇ ಆದುದರಿಂದ ಇದಕ್ಕೆ ಉತ್ತರಿಸದೆ ಮುಂದೆ ಹೋಗಲಾರೆ.

ಜೆಸ್ವಿಟ್ ಪಾದ್ರಿ ಲಿಯೊನಾರ್ಡೊ ಚಿನ್ನಮಿ ಶ್ರೀರಂಗಪಟ್ಟಣದಲ್ಲಿ ಮೈಸೂರು ಮಿಷನ್ನನ್ನು ಆರಂಭಿಸಿದ್ದು 1649ರ ಸುಮಾರಿಗೆ, ರಣಧೀರ ಕಂಠೀರವ ನರಸರಾಜ ಒಡೆಯರ ಆಳ್ವಿಕೆಯಲ್ಲಿ. ನಮ್ಮ ಗುಂಡ್ಲುಪೇಟೆಯ ಪರವಾಸುದೇವ ದೇವಾಲಯವನ್ನು ತಮ್ಮ ತಂದೆಯ ಸ್ಮರಣೆಗಾಗಿ ಕಟ್ಟಿಸಿದ ಚಿಕ್ಕದೇವರಾಜ ಒಡೆಯರು ಪಟ್ಟಕ್ಕೆ ಬಂದದ್ದು 1673ರಲ್ಲಿ. ಅಂದರೆ ಆ ದೇವಾಲಯದ ಅಡಿಗಲ್ಲು ಬೀಳುವುದಕ್ಕೂ ಮೊದಲೇ ಮೈಸೂರು ರಾಜ್ಯದಲ್ಲಿ ಕ್ರೈಸ್ತರ ಪ್ರಾರ್ಥನೆ ಕೇಳಿಬಂದಿತ್ತು. ಮುನ್ನೂರೈವತ್ತು ವರ್ಷಗಳಿಗೂ ಹೆಚ್ಚು ಕಾಲ ಒಂದು ಮಣ್ಣಿನಲ್ಲಿ ಬಾಳಿದವರು ಇನ್ನೂ ಪರದೇಶಿಗಳಾದರೆ, ಸ್ವದೇಶಿಗಳಾಗಲು ಎಷ್ಟು ವರ್ಷ ಬೇಕೆಂಬುದನ್ನು ಲೆಕ್ಕ ಬಲ್ಲವರು ಹೇಳಬೇಕು.

1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಈ ಕಡೆಗೆ ಬಂದ ಫ್ರೆಂಚ್ ಪಾದ್ರಿ ಅಬ್ಬೆ ದುಬಾಯ್ ಅವರನ್ನು ಜನ 'ದೊಡ್ಡ ಸ್ವಾಮಿಯವರು' ಎಂದು ಕರೆದರು. ಅವರು ಇಲ್ಲಿನವರಂತೆಯೇ ಉಡುಪು ಧರಿಸಿದರು, ಇಲ್ಲಿನ ಆಹಾರಕ್ಕೆ ಒಗ್ಗಿಕೊಂಡರು. ಸಿಡುಬಿನ ವಿರುದ್ಧ ಲಸಿಕೆ ಆಗಷ್ಟೇ ಬಂದಿದ್ದ 1803-04ರಲ್ಲಿ ಮೈಸೂರು ಸೀಮೆಯ 25,432 ಜನರಿಗೆ ಲಸಿಕೆ ಹಾಕಿಸಿದ ಲೆಕ್ಕ ಅವರ ಹೆಸರಿನಲ್ಲಿದೆ. ಅವರ ಎಲ್ಲ ಅಭಿಪ್ರಾಯಗಳನ್ನೂ ಒಪ್ಪಬೇಕಾಗಿಲ್ಲ. ನಮ್ಮ ಆಚಾರವಿಚಾರಗಳ ಬಗ್ಗೆ ಅವರು ಬರೆದ ಪುಸ್ತಕದಲ್ಲಿ ನನಗೆ ಒಪ್ಪಿಗೆಯಾಗದ ಮಾತುಗಳು ಬಹಳ ಇವೆ. ಆದರೆ ಬರಗಾಲ, ಬೇನೆಗಳಲ್ಲಿ ಜನರ ನಡುವೆ ನಿಂತವರು ಎತ್ತಿದ ಗೋಡೆಗಳನ್ನು ಪರದೇಶಿಯವೆಂದು ತಳ್ಳಿಹಾಕುವುದು ಕೃತಘ್ನತೆ.

ಕೃಷ್ಣರಾಜನಗರ ತಾಲ್ಲೂಕಿನ ಡೋರನಹಳ್ಳಿಯ ಸಂತ ಅಂತೋನಿಯವರ ಕಥೆಯನ್ನು ನಿಮ್ಮಲ್ಲಿ ಅನೇಕರು ಕೇಳಿದ್ದೀರಿ. ಹೊಲ ಉಳುತ್ತಿದ್ದ ರೈತನ ನೇಗಿಲಿಗೆ ಮರದ ವಿಗ್ರಹವೊಂದು ಸಿಕ್ಕಿತು, ಸಂತರು ಕನಸಿನಲ್ಲಿ ಬಂದು ತಮಗೊಂದು ಗುಡಿ ಬೇಕೆಂದರು ಎಂಬುದು ಜನರು ಹೇಳುವ ಕಥೆ. ನಮ್ಮ ಎಷ್ಟು ಗ್ರಾಮದೇವತೆಗಳ ಸ್ಥಳಪುರಾಣ ಇದೇ ಅಲ್ಲವೇ? ನೇಗಿಲಿಗೆ ಸಿಕ್ಕ ದೇವರು, ಕನಸಿನಲ್ಲಿ ಗುಡಿ ಬೇಡಿದ ದೇವರು! ಆ ಕ್ಷೇತ್ರವು 2019ರಲ್ಲಿ ಬೆಸಿಲಿಕ ಎಂಬ ಪದವಿಗೆ ಏರಿತು. ಅಲ್ಲಿಗೆ ಹರಕೆ ಹೊತ್ತು ಹೋಗುವವರಲ್ಲಿ ಎಲ್ಲ ಮತದವರೂ ಇದ್ದಾರೆ. ಕಥೆಯೂ ನಮ್ಮದು, ನೇಗಿಲೂ ನಮ್ಮದು, ಮಣ್ಣೂ ನಮ್ಮದು. ಪರದೇಶಿ ಎಲ್ಲಿ ಉಳಿದ?

ಈಗ ಕೆಡವಬೇಕೆನ್ನುವವರ ವಾದಗಳಿಗೆ ಬರುತ್ತೇನೆ. ಅವರ ಮಾತಿನಲ್ಲಿ ಸತ್ಯವಿಲ್ಲವೆಂದು ಹೇಳಲಾರೆ.

ಮೊದಲನೆಯದು, ಸೋರುತ್ತದೆ ಎಂಬುದು. ಹೌದು, ಸೋರುತ್ತದೆ. ಹೆಂಚಿನ ಮಾಡನ್ನು ಕಾಲಕಾಲಕ್ಕೆ ಕೈಯಾಡಿಸಿ, ಒಡೆದ ಹೆಂಚನ್ನು ತೆಗೆದು ಹೊಸದನ್ನು ಹಾಕಬೇಕು. ಹಾಕದಿದ್ದರೆ ಅರಮನೆಯೂ ಸೋರುತ್ತದೆ. ನಮ್ಮ ಹಿರಿಯರು ಪ್ರತಿ ಮಳೆಗಾಲದ ಮುಂಚೆ ಮಾಡುತ್ತಿದ್ದ ಕೆಲಸವನ್ನು ನಾವು ಇಪ್ಪತ್ತು ವರ್ಷ ನಿಲ್ಲಿಸಿ, ತಪ್ಪನ್ನು ಕಟ್ಟಡದ ತಲೆಗೆ ಕಟ್ಟುತ್ತಿದ್ದೇವೆ. ಇದಕ್ಕಿಂತ ದೊಡ್ಡ ಅಪಚಾರ ಗೋಡೆಗೆ ಸಿಮೆಂಟು ಬಳಿದದ್ದು. ಸುಣ್ಣದ ಗಾರೆ ಉಸಿರಾಡುತ್ತದೆ, ಒಳಗೆ ಸೇರಿದ ತೇವ ಅದರ ಮೂಲಕ ಹೊರಗೆ ಹೋಗುತ್ತದೆ. ಅದರ ಮೇಲೆ ಸಿಮೆಂಟಿನ ಗಿಲಾವು ಮೆತ್ತಿದರೆ ತೇವ ಒಳಗೇ ಸಿಕ್ಕಿಬಿದ್ದು ಇಟ್ಟಿಗೆಯನ್ನು ಪುಡಿಮಾಡುತ್ತದೆ. ಬಳಿದವರೇ ಆಮೇಲೆ ಬಂದು, "ನೋಡಿ, ಗೋಡೆ ಉದುರುತ್ತಿದೆ, ಕೆಡವಲೇಬೇಕು" ಎನ್ನುತ್ತಾರೆ.

ಎರಡನೆಯದು, ಜನ ಹೆಚ್ಚಿದ್ದಾರೆ, ಸ್ಥಳ ಸಾಲದು ಎಂಬುದು. ಇದು ನ್ಯಾಯವಾದ ಮಾತು. ಆದರೆ ವರ್ಷದಲ್ಲಿ ಎಷ್ಟು ದಿನ ಸಾಲದು? ಕ್ರಿಸ್ಮಸ್, ಈಸ್ಟರ್, ಊರ ಹಬ್ಬ. ಆ ದಿನಗಳಿಗೆ ಅಂಗಳದಲ್ಲಿ ಚಪ್ಪರವಿದೆ. ಅಷ್ಟರಿಂದಲೂ ಆಗದಿದ್ದರೆ ಹಳೆಯ ಗುಡಿಯನ್ನು ಉಳಿಸಿ ಪಕ್ಕದ ಖಾಲಿ ನೆಲದಲ್ಲಿ ಹೊಸದನ್ನು ಕಟ್ಟಬಹುದು. ಹೊಸದು ಹುಟ್ಟಲು ಹಳೆಯದು ಸಾಯಲೇಬೇಕೆಂಬ ನಿಯಮ ಎಲ್ಲಿಯೂ ಇಲ್ಲ.

ಮೂರನೆಯದು, ಮೈಸೂರಿನ ಸಂತ ಫಿಲೋಮಿನಾ ಚರ್ಚು ಎದ್ದದ್ದೂ ಹಳೆಯ ಚರ್ಚಿನ ಜಾಗದಲ್ಲಿಯೇ ಅಲ್ಲವೇ ಎಂಬ ಪ್ರಶ್ನೆ. ಪ್ರಶ್ನೆ ಕೇಳಿದವನು ಜಾಣ, ಅವನಿಗೆ ನಾನು ಇತಿಹಾಸದಲ್ಲಿ ಒಳ್ಳೆಯ ಅಂಕ ಕೊಟ್ಟಿದ್ದೆನೆಂದು ನೆನಪು. ಚಾಮರಾಜನಗರದ ಚಾಮರಾಜೇಶ್ವರ ದೇವಾಲಯವನ್ನು 1826ರಲ್ಲಿ ಕಟ್ಟಿಸಿದ ಮುಮ್ಮಡಿ ಕೃಷ್ಣರಾಜ ಒಡೆಯರ ಕಾಲದಲ್ಲಿಯೇ, 1843ರಲ್ಲಿ, ಮೈಸೂರಿನಲ್ಲಿ ಆ ಹಳೆಯ ಚರ್ಚು ಎದ್ದಿತ್ತು. ತೊಂಬತ್ತು ವರ್ಷಗಳ ಮೇಲೆ, 1933ರಲ್ಲಿ, ನಾಲ್ವಡಿಯವರು ಹೊಸ ಚರ್ಚಿಗೆ ಶಂಕುಸ್ಥಾಪನೆ ಮಾಡಿದರು. 175 ಅಡಿ ಎತ್ತರದ ಜೋಡಿ ಶಿಖರಗಳ ಆ ಕಟ್ಟಡಕ್ಕೆ ಬೇರೆ ದೇಶಗಳ ಮಹಾ ಚರ್ಚುಗಳನ್ನು ಕಂಡು ಹಾಕಿದ ನಕ್ಷೆಯಿತ್ತು, ನುರಿತ ವಾಸ್ತುಶಿಲ್ಪಿಯಿದ್ದ, ಒಂದು ರಾಜ್ಯದ ಬೆಂಬಲವಿತ್ತು. ಹಳೆಯದರ ಬದಲಿಗೆ ಅದಕ್ಕಿಂತ ಹಿರಿದಾದದ್ದು ಬಂದಿತು. ನಮ್ಮ ಹಳ್ಳಿಯಲ್ಲಿ ಬರಲಿರುವುದು ಯಾವುದು? ಕಂಟ್ರಾಕ್ಟರು ಕಲ್ಯಾಣ ಮಂಟಪಕ್ಕೆ ಹಾಕುವ ನಕ್ಷೆಗೆ ಎರಡು ಗೋಪುರ, ಒಂದು ಶಿಲುಬೆ ಸೇರಿಸಿದ ಪೆಟ್ಟಿಗೆ. ನುಣುಪು ಟೈಲ್ಸಿನ ನೆಲ, ಬಿಸಿಲಿಗೆ ಕಾಯುವ ಛಾವಣಿ, ಮಾತು ಪ್ರತಿಧ್ವನಿಸಿ ಏನೂ ಕೇಳಿಸದೆ ಕೊನೆಗೆ ಧ್ವನಿವರ್ಧಕದ ಕಿರುಚಾಟ. ಎತ್ತರದ ಹೆಂಚಿನ ಮಾಡಿನ ಕೆಳಗೆ ಗುರುಗಳು ಮೆಲ್ಲನೆ ನುಡಿದ ಮಾತು ಕೊನೆಯ ಚಾಪೆಯವರೆಗೂ ತಲುಪುತ್ತಿತ್ತು.

ನಾಲ್ಕನೆಯದು, ರಿಪೇರಿಗೆ ಯಾರೂ ಹಣ ಕೊಡುವುದಿಲ್ಲ, ಹೊಸದಕ್ಕಾದರೆ ಕೊಡುತ್ತಾರೆ ಎಂಬುದು. ನಿಜವಾದ ಕಾರಣ ಇದೊಂದೇ ಎಂದು ನನಗೆ ತೋರುತ್ತದೆ. ಬದಲಾಯಿಸಿದ ಹೆಂಚಿನ ಮೇಲೆ ದಾನಿಯ ಹೆಸರು ಕೆತ್ತಲು ಬರುವುದಿಲ್ಲ. ಹೊಸ ಕಟ್ಟಡದ ಗ್ರಾನೈಟ್ ಫಲಕದ ಮೇಲೆ ಎಷ್ಟು ಹೆಸರುಗಳನ್ನಾದರೂ ಕೆತ್ತಬಹುದು. ಹಳೆಯ ಚರ್ಚನ್ನು ಕಟ್ಟಿದ ಗಾರೆಯವನ ಹೆಸರು ಎಲ್ಲಿಯೂ ಇಲ್ಲ, ಕಲ್ಲು ಹೊತ್ತ ಹೆಂಗಸರ ಹೆಸರುಗಳೂ ಇಲ್ಲ. ಅವರ ದುಡಿಮೆಯನ್ನು ಅಳಿಸಿ ನಮ್ಮ ಹೆಸರನ್ನು ಬರೆದುಕೊಳ್ಳುವುದಕ್ಕೆ ಭಕ್ತಿ ಎನ್ನಬೇಕೇ?

ಇದು ಚರ್ಚಿನವರೊಬ್ಬರ ತಪ್ಪೆಂದು ಯಾರೂ ಬೀಗಬೇಕಾಗಿಲ್ಲ. ಚಿಕ್ಕದೇವರಾಜರು ಅಷ್ಟು ಅಕ್ಕರೆಯಿಂದ ಕಟ್ಟಿಸಿದ ಪರವಾಸುದೇವ ದೇವಾಲಯವು ಪೂಜೆಯಿಲ್ಲದೆ, ಗಿಡಗಂಟಿ ಬೆಳೆದು, ಬಹುಕಾಲ ಪಾಳುಬಿದ್ದಿದ್ದುದು ನಮ್ಮ ಕಣ್ಣೆದುರಿನಲ್ಲಿಯೇ. ಕಲ್ಲಿನ ಕಂಬಗಳಿಗೆ ಎನಾಮೆಲ್ ಬಣ್ಣ ಬಳಿದ, ಶಾಸನದ ಕಲ್ಲನ್ನು ಬಟ್ಟೆ ಒಗೆಯುವ ಚಪ್ಪಡಿ ಮಾಡಿಕೊಂಡ ಊರುಗಳನ್ನು ನಾವೆಲ್ಲರೂ ಕಂಡಿದ್ದೇವೆ. ಮನಸ್ಸು ಮಾಡಿದರೆ ನಮ್ಮ ಜನಕ್ಕೆ ಏನು ಸಾಧ್ಯವೆಂಬುದಕ್ಕೂ ಉದಾಹರಣೆ ಹತ್ತಿರದಲ್ಲಿಯೇ ಇದೆ. 2017ರಲ್ಲಿ ಚಾಮರಾಜೇಶ್ವರನ ರಥ ಬೆಂಕಿಗೆ ಆಹುತಿಯಾದಾಗ ಆಷಾಢದ ತೇರು ನಿಂತುಹೋಯಿತು. ಜನರು ಸುಮ್ಮನಿರಲಿಲ್ಲ. ಕೇಳಿದರು, ಕಾದರು, ಮತ್ತೆ ಕೇಳಿದರು. 2022ರಲ್ಲಿ ಹೊಸ ರಥ ಬೀದಿಗೆ ಬಂದಿತು. ಸುಟ್ಟುಹೋದುದಕ್ಕಾಗಿ ಅಷ್ಟು ಹಂಬಲಿಸಿದವರು, ಇನ್ನೂ ನಿಂತಿರುವುದಕ್ಕಾಗಿ ಸ್ವಲ್ಪ ಹಂಬಲಿಸಬಾರದೇ?

ಹೋದ ಮೇಲೆ ಹಂಬಲಿಸುವುದು ಹೇಗಿರುತ್ತದೆಂಬುದನ್ನು ನೋಡಬೇಕಾದರೆ ಹಾಸನ ಜಿಲ್ಲೆಯ ಶೆಟ್ಟಿಹಳ್ಳಿಗೆ ಹೋಗಬೇಕು. ಅಲ್ಲಿ 1860ರಲ್ಲಿ ಫ್ರೆಂಚ್ ಪಾದ್ರಿಗಳು ಕಟ್ಟಿಸಿದ ಜಪಮಾಲೆ ಮಾತೆಯ ಚರ್ಚು ಹೇಮಾವತಿಯ ದಡದಲ್ಲಿತ್ತು. ಇಟ್ಟಿಗೆ, ಗಾರೆ, ಮೊನಚು ಕಮಾನುಗಳ ಚೆಲುವಾದ ಗೋಥಿಕ್ ಕಟ್ಟಡ. ಗೊರೂರಿನ ಬಳಿ ಹೇಮಾವತಿಗೆ ಕಟ್ಟಿದ ಅಣೆಕಟ್ಟು 1979ರಲ್ಲಿ ಪೂರ್ಣವಾಯಿತು. ಊರು ಎದ್ದು ಹೋಯಿತು, ಚರ್ಚು ಹಿನ್ನೀರಿನ ಪಾಲಾಯಿತು. ಮಳೆಗಾಲದಲ್ಲಿ ಅರ್ಧ ಮುಳುಗುತ್ತದೆ, ಬೇಸಿಗೆಯಲ್ಲಿ ಮತ್ತೆ ನೆಲದ ಮೇಲೆ ನಿಲ್ಲುತ್ತದೆ. ಅಣೆಕಟ್ಟು ಬೇಡವಾಗಿತ್ತೆಂದು ನಾನು ಹೇಳುತ್ತಿಲ್ಲ, ಆ ನೀರಿನಿಂದ ಎಷ್ಟೋ ಹೊಲಗಳು ಹಸುರಾಗಿವೆ. ನಾನು ಹೇಳುವುದು ಎರಡು ಮಾತು. ಸೂರು ಕಳೆದುಕೊಂಡು, ವರ್ಷವರ್ಷವೂ ನೀರಿನಲ್ಲಿ ನೆನೆದು ಬಿಸಿಲಿನಲ್ಲಿ ಒಣಗಿಯೂ ಆ ಗಾರೆಯ ಗೋಡೆಗಳು ದಶಕಗಳ ಕಾಲ ನಿಂತವು. ನಾಲ್ಕು ಒಡೆದ ಹೆಂಚಿಗೆ ಹೆದರಿ ಗೋಡೆಯನ್ನೇ ಕೆಡವುವವರು ಆ ಗೋಡೆಗಳನ್ನು ಒಮ್ಮೆ ನೋಡಬೇಕು. ಎರಡನೆಯದು, ಇತ್ತೀಚಿನ ವರ್ಷಗಳಲ್ಲಿ ಅದರ ಭಾಗಗಳು ಒಂದೊಂದಾಗಿ ಕುಸಿಯುತ್ತಿವೆ, ಈಗ ಎಲ್ಲರಿಗೂ ಅದು ಬೇಕಾಗಿದೆ. ಮದುವೆಗೆ ಮುಂಚಿನ ಫೋಟೋ ತೆಗೆಸಿಕೊಳ್ಳಲು ಜೋಡಿಗಳು ಸಾಲುಗಟ್ಟುತ್ತಾರೆ. ನಿಮ್ಮಲ್ಲಿಯೇ ಇಬ್ಬರು ಅಂತಹ ಚಿತ್ರಗಳನ್ನು ನನಗೆ ಕಳುಹಿಸಿದ್ದೀರಿ, ಚೆನ್ನಾಗಿವೆ. ಆದರೆ ಜ್ಞಾನಸ್ನಾನ, ಮದುವೆ, ಮರಣ ಎಲ್ಲವನ್ನೂ ಕಂಡ ಒಂದು ಮನೆ ಹಿನ್ನೆಲೆಯ ಪರದೆಯಾಗಿ ಉಳಿಯುವುದನ್ನು ನೋಡಿ ನನಗೆ ಸಂತೋಷಪಡಲಾಗಲಿಲ್ಲ. ಶೆಟ್ಟಿಹಳ್ಳಿಯವರಿಂದ ಅವರ ಚರ್ಚನ್ನು ನೀರು ಕಿತ್ತುಕೊಂಡಿತು. ನಮ್ಮವರು ತಮ್ಮ ಕೈಯಾರೆ ಕಿತ್ತುಹಾಕುತ್ತಿದ್ದಾರೆ.

ಸರ್ಕಾರ ನೋಡಿಕೊಳ್ಳಲಿ ಎಂದು ಕೈಕಟ್ಟಿ ಕೂರುವಂತಿಲ್ಲ. ಕೇಂದ್ರದ 1958ರ ಪ್ರಾಚೀನ ಸ್ಮಾರಕಗಳ ಕಾಯಿದೆ ನೂರು ವರ್ಷ ತುಂಬಿದ ಕಟ್ಟಡಗಳನ್ನು ಗಮನಿಸುತ್ತದೆ, ನಮ್ಮ ರಾಜ್ಯಕ್ಕೂ 1961ರ ಕಾಯಿದೆಯಿದೆ. ಆದರೆ ಪಟ್ಟಿಗೆ ಸೇರಿದವುಗಳಿಗೆ ಮಾತ್ರ ರಕ್ಷಣೆ. ಹಳ್ಳಿಯ ಚರ್ಚು, ಹಳ್ಳಿಯ ಮಾರಿಗುಡಿ, ಹಳ್ಳಿಯ ಮಸೀದಿ ಅಂತಹ ಪಟ್ಟಿಗಳಿಗೆ ಸೇರುವುದು ಅಪರೂಪ. ಹಾಗಿದ್ದರೆ ಕಾಯುವವರು ಯಾರು? ಕ್ರೈಸ್ತ ಧರ್ಮಸಭೆಯ ನಿಯಮಗಳೇ ಇದಕ್ಕೆ ಉತ್ತರ ಕೊಡುತ್ತವೆ. ಹಿಂದೆ ಹೇಳಿದ ವ್ಯಾಟಿಕನ್ ಮಹಾಸಭೆಯು ಪೂಜಾವಿಧಿಯ ಬಗ್ಗೆ 1963ರಲ್ಲಿ ಹೊರಡಿಸಿದ ದಾಖಲೆಯು, ಬೆಲೆಯುಳ್ಳ ಪವಿತ್ರ ವಸ್ತುಗಳು ಮಾರಾಟವಾಗದಂತೆ, ಹಾಳಾಗದಂತೆ ಧರ್ಮಾಧ್ಯಕ್ಷರು ಎಚ್ಚರ ವಹಿಸಬೇಕೆಂದು ವಿಧಿಸುತ್ತದೆ. 1983ರ ಧರ್ಮಸಂಹಿತೆಯು ಪ್ರತಿಯೊಂದು ಧರ್ಮಕೇಂದ್ರದಲ್ಲಿ ಜ್ಞಾನಸ್ನಾನ, ವಿವಾಹ, ಮರಣಗಳ ದಾಖಲೆ ಪುಸ್ತಕಗಳೂ ಅವುಗಳನ್ನಿಡುವ ದಫ್ತರವೂ ಇರಬೇಕೆನ್ನುತ್ತದೆ. ಕಾಯುವುದು ಧರ್ಮವೆಂದು ಅವರ ಧರ್ಮವೇ ಹೇಳುವಾಗ ಕೆಡವುವುದನ್ನು ಪುಣ್ಯಕಾರ್ಯವೆಂದು ಕರೆದವರು ಯಾರು?

ನಮ್ಮ ಜಿಲ್ಲೆಗಂತೂ ಈ ದಾಖಲೆಗಳು ಹೆಚ್ಚು ಬೇಕು. ಕೊಳ್ಳೇಗಾಲದ ಸೀಮೆ 1956ರ ನವೆಂಬರ್ 1ರವರೆಗೆ ಮದರಾಸಿನ ಕೊಯಮತ್ತೂರು ಜಿಲ್ಲೆಯಲ್ಲಿತ್ತು, ಚಾಮರಾಜನಗರ ಮತ್ತು ಗುಂಡ್ಲುಪೇಟೆ ಮೈಸೂರಿನಲ್ಲಿದ್ದವು, ಎಲ್ಲವೂ ಸೇರಿ ಪ್ರತ್ಯೇಕ ಜಿಲ್ಲೆಯಾದದ್ದು 1997ರಲ್ಲಿ. ಹೀಗೆ ಹಂಚಿಹೋದ ನಾಡಿನ ಹಳೆಯ ಕಾಗದಗಳೂ ಹಂಚಿಹೋಗಿವೆ. ಕಾಗದವಿಲ್ಲದ ಕಡೆ ಕಟ್ಟಡವೇ ಕಾಗದ.

ಆದುದರಿಂದ, ಶಿಷ್ಯರೇ, ಮನೆಪಾಠ ಕೊಡುವ ಅಭ್ಯಾಸ ನನಗಿನ್ನೂ ಹೋಗಿಲ್ಲ. ನಿಮ್ಮ ಊರಿನ ಗುಡಿ, ಚರ್ಚು, ಮಸೀದಿ, ಬಸದಿ ಯಾವುದೇ ಇರಲಿ, ಕೆಡವುವ ಮಾತು ಬಂದ ದಿನ ಮೊದಲು ಸುಣ್ಣದ ಕೆಲಸ ಬಲ್ಲ ಎಂಜಿನಿಯರ್ ಒಬ್ಬರಿಂದ ಪರೀಕ್ಷೆ ಮಾಡಿಸಿರಿ. ಸಿಮೆಂಟಿನ ಕಂಟ್ರಾಕ್ಟರನನ್ನು ಕೇಳಬೇಡಿರಿ, ಅವನ ಉತ್ತರ ಕೇಳುವ ಮೊದಲೇ ಗೊತ್ತಿರುತ್ತದೆ. ಕಟ್ಟಡದ ಅಳತೆ ತೆಗೆದು, ಎಲ್ಲ ಮೂಲೆಗಳ ಫೋಟೋ ಹಿಡಿದು ಇಡಿರಿ. ದಾಖಲೆ ಪುಸ್ತಕಗಳು ಗೆದ್ದಲಿನ ಬಾಯಿಗೆ ಬೀಳದಂತೆ ಅವುಗಳ ಪ್ರತಿ ಮಾಡಿಸಿರಿ. ತೊಂಬತ್ತು ದಾಟಿದ ಅಜ್ಜಿಯರು ಊರಿನಲ್ಲಿದ್ದರೆ ಅವರ ಬಾಯಿಂದ ಕಟ್ಟಡದ ಕಥೆ ಕೇಳಿ ಬರೆದುಕೊಳ್ಳಿರಿ. ಬೆಂಗಳೂರಿನಲ್ಲೋ ಅಮೆರಿಕದಲ್ಲೋ ಇದ್ದು ಊರಿಗೆ ಹಣ ಕಳುಹಿಸುವವರು, ಈ ಹಣ ರಿಪೇರಿಗೆ ಮಾತ್ರ ಎಂದು ಸ್ಪಷ್ಟವಾಗಿ ಬರೆದು ಕಳುಹಿಸಿರಿ. ನಿಮ್ಮ ಒಂದು ಸಾಲಿಗೆ ನನ್ನ ಈ ಇಡೀ ಲೇಖನಕ್ಕಿಂತ ಹೆಚ್ಚಿನ ಬಲವಿದೆ.

ನನ್ನ ಪಿಂಚಣಿಯಲ್ಲಿ ಸುಣ್ಣಕ್ಕೆ, ಹೆಂಚಿಗೆ, ಗಾರೆಯವನ ಕೂಲಿಗೆ ಯಾವಾಗಲೂ ಒಂದು ಪಾಲಿದೆ. ಯಾವ ಮತದ ಗುಡಿಯಾದರೂ ಸರಿ, ಕೇಳಿದರೆ ಕೊಡುತ್ತೇನೆ, ಫಲಕದ ಮೇಲೆ ನನ್ನ ಹೆಸರು ಬೇಡ.

ಇಂತಿ ನಿಮ್ಮ
ಮೇಷ್ಟ್ರು